ಗೇಟಿನ ಮುಂದಿನ ಹನ್ನೊಂದು ನಿಮಿಷ

ಹದಿನೇಳನೆಯ ಡಬ್ಬಿಯಲ್ಲಿ ಕೋಳಿಗಳಿದ್ದವು.

ಅಹಲ್ಯಾ ರೀಲಿನ ತುದಿಯನ್ನು ಎರಡು ಬೆರಳುಗಳಲ್ಲಿ ಹಿಡಿದು ಕಿಟಕಿಯ ಬೆಳಕಿಗೆ ಒಡ್ಡಿದಳು. ಭೂತಗನ್ನಡಿಯ ಕೆಳಗೆ ಒಂದೊಂದೇ ಚಿತ್ರ ದಾಟಿಹೋಯಿತು. ಪಂಜರದಲ್ಲಿ ಕೋಳಿ, ಮೇಜಿನ ಮೇಲೆ ಕೋಳಿ, ಕೋಟು ತೊಟ್ಟ ಅಧಿಕಾರಿಯೊಬ್ಬರ ತೋಳಿನಲ್ಲಿ ಕೊರಳಿಗೆ ಬಹುಮಾನದ ಪಟ್ಟಿ ಕಟ್ಟಿಸಿಕೊಂಡ ಕೋಳಿ. ಡಬ್ಬಿಯ ಮುಚ್ಚಳದ ಮೇಲೆ ಮಾತ್ರ ಕೆಂಪು ಅಕ್ಷರಗಳಲ್ಲಿ ದಪ್ಪಗೆ ಬರೆದಿತ್ತು: ಬಾಲಾನಗರ, ಮಹಿಳೆಯರು, ೧೯೮೩.

ಡಬ್ಬಿಯನ್ನು ಎತ್ತಿ ಗೋಡೆಗೆ ಒಗೆಯಬೇಕೆನ್ನಿಸಿತು. ಒಗೆಯಲಿಲ್ಲ. ರೀಲನ್ನು ಮೊದಲಿನಂತೆಯೇ ಸುತ್ತಿ ಒಳಗಿಟ್ಟು ಕಣ್ಣೊರೆಸಿಕೊಂಡಳು. ಅಳುವೇನೂ ಅಲ್ಲ, ಕೆಟ್ಟುಹೋದ ಫಿಲ್ಮಿನಿಂದ ಏಳುವ ಹುಳಿ ಘಾಟು. ಫಿಲ್ಮ್ ತೊಳೆಯುತ್ತಿದ್ದ ಆ ಲ್ಯಾಬು ಬಾಗಿಲು ಹಾಕಿ ವರ್ಷಗಳೇ ಆಗಿದ್ದವು. ಅದರ ಗೋದಾಮಿನಲ್ಲಿ ನಾಲ್ಕು ದಿನ ಕೂತು ಕೂತು ಆ ಘಾಟು ಅವಳ ಸೀರೆಗೆ, ಕೂದಲಿಗೆ, ಕಡೆಗೆ ಊಟದ ಡಬ್ಬಿಗೂ ಹತ್ತಿತ್ತು. ಮಲ್ಕಾಜ್‌ಗಿರಿಯ ಮನೆಯಲ್ಲಿ ಗಂಡ ಪರಮೇಶ, “ಉಪ್ಪಿನಕಾಯಿ ಭರಣಿ ಒಡದಂಗ ನಾರಾಕತ್ತೀಯಲ್ಲ” ಎಂದು ಕಿಟಕಿ ತೆಗೆದಿದ್ದ.

ಫೋನು ಹೊಡೆದುಕೊಂಡಿತು. ನಚಿಕೇತ. ಬೇಗಂಪೇಟೆಯಲ್ಲಿ ಎರಡು ಕೋಣೆಯ ಸಣ್ಣ ಸಂಸ್ಥೆ ಇಟ್ಟುಕೊಂಡು ಸಾಕ್ಷ್ಯಚಿತ್ರ ಮಾಡುವ ಮೈಸೂರಿನವನು. ವಯಸ್ಸು ಮೂವತ್ತೆರಡು, ಅವಸರ ಜಾಸ್ತಿ.

“ಏನ್ ಮೇಡಂ, ಸಿಕ್ತಾ?”

“ಕೋಳಿ ಸಿಕ್ಕಾವು.”

“ಏನು?”

“ಕೋಳಿ ಪ್ರದರ್ಶನ. ಮುಚ್ಚಳ ಒಂದು, ಒಳಗಿನ ಮಾಲು ಇನ್ನೊಂದು.”

ಆ ಕಡೆಯಿಂದ ದೊಡ್ಡ ಉಸಿರು ಕೇಳಿಸಿತು. “ಮೇಡಂ, ಎಡಿಟಿಂಗ್ ಶುರುವಾಗಿ ಮೂರು ವಾರ ಆಯ್ತು. ಅಲ್ಲೊಂದು ತೂತು ಹಾಗೇ ಇದೆ. ಎಷ್ಟು ದಿನ ಅಂತ ಕಾಯೋದು?”

ಇಂಥ ತೂತುಗಳನ್ನು ತುಂಬುವುದೇ ಅಹಲ್ಯಾಳ ಕೆಲಸ. ಯಾರಾದರೂ ಹಳೆಯ ಸಂಗತಿಯ ಮೇಲೆ ಚಿತ್ರ ಮಾಡುವಾಗ, ಆ ಕಾಲದಲ್ಲಿ ಯಾರಾದರೂ ಅದನ್ನು ಕ್ಯಾಮೆರಾದಲ್ಲಿ ಹಿಡಿದಿದ್ದಾರೆಯೇ, ಹಿಡಿದಿದ್ದರೆ ಆ ರೀಲು ಎಲ್ಲಿದೆ, ಯಾರ ಅನುಮತಿ ಬೇಕು ಎಂದು ಊರೆಲ್ಲ ಅಲೆದು ಹುಡುಕಿಕೊಡುವುದು. ಅವಳ ತಂದೆ ಹುಮನಾಬಾದಿನವರು, ರೈಲ್ವೆಯಲ್ಲಿ ಗಾರ್ಡ್ ಆಗಿದ್ದರು. ಅಹಲ್ಯಾ ಹುಟ್ಟಿದ್ದು, ಓದಿದ್ದು, ಲಗ್ನವಾಗಿದ್ದು ಎಲ್ಲ ಮಲ್ಕಾಜ್‌ಗಿರಿಯಲ್ಲೇ. ಬಿ.ಎ. ಮುಗಿಸಿ ಒಂದು ಟಿ.ವಿ. ಚಾನೆಲಿನ ಟೇಪು ಲೈಬ್ರರಿಗೆ ಸೇರಿ ಹದಿನೆಂಟು ವರ್ಷ ದುಡಿದಳು. ಚಾನೆಲಿನಲ್ಲಿ ಟೇಪುಗಳು ಹೋಗಿ ಕಂಪ್ಯೂಟರ್ ಬಂದಾಗ ಲೈಬ್ರರಿಯನ್ನೂ ತೆಗೆದರು, ಅವಳನ್ನೂ ತೆಗೆದರು. ಆಗಿನಿಂದ ಈ ಕೆಲಸ. ಅವಳಿಗೆ ಈಗ ನಲವತ್ತೊಂಬತ್ತು. ಚಿತ್ರದ ಕೊನೆಯಲ್ಲಿ ಓಡುವ ಹೆಸರುಗಳ ಸಾಲಿನಲ್ಲಿ ಅವಳ ಹೆಸರು, ಬಂದರೆ, ಚಹಾ ತಂದುಕೊಟ್ಟವರ ಹೆಸರಿನ ಮೇಲೆ ಬರುತ್ತಿತ್ತು.

ನಚಿಕೇತನ ಚಿತ್ರ ಬಾಲಾನಗರದ ಕಾರ್ಖಾನೆಗಳಲ್ಲಿ ದುಡಿದ ಹೆಂಗಸರ ಬಗ್ಗೆ. ಅದರ ಜೀವವೆಲ್ಲ ಇದ್ದದ್ದು ಸತ್ಯಭಾಮಾ ಎಂಬ ಎಪ್ಪತ್ತನಾಲ್ಕು ವರ್ಷದ ಮುದುಕಿಯ ಮಾತಿನಲ್ಲಿ. ಬೀದರ್ ಕಡೆಯ ಆಕೆ ರೇಡಿಯೋ ಬಿಡಿಭಾಗಗಳ ಖಾಸಗಿ ಕಾರ್ಖಾನೆಯೊಂದರಲ್ಲಿ ಇಪ್ಪತ್ತೆರಡು ವರ್ಷ ತಂತಿಯ ಕಾಯಿಲ್ ಸುತ್ತಿದವಳು. ಮೊದಲ ಭೇಟಿಯಲ್ಲೇ ಆಕೆ ಅಹಲ್ಯಾಳನ್ನು ಕೂಡಿಸಿಕೊಂಡು ಒಂದೇ ಉಸಿರಿಗೆ ಹೇಳಿದ್ದಳು.

“ಒಂದು ಪಾಳಿಗೆ ಎರಡು ಬಿಲ್ಲೆ. ಹಿತ್ತಾಳೀವು. ಪಾಯಖಾನಿಗೆ ಹೋಗಬೇಕಂದ್ರ ಒಂದು ಬಿಲ್ಲೆ ಸೂಪರ್‌ವೈಸರ್ ಮೇಜಿನ ಮ್ಯಾಲೆ ಇಡಬೇಕು. ಎರಡೂ ಮುಗದ್ವಂದ್ರ ಮುಗೀತು. ಬಸುರಿ ಇರಲಿ, ಬಾಣಂತಿ ಇರಲಿ, ಹಲ್ಲು ಕಚ್ಚಿ ಕೂಡಬೇಕು. ಎಂಬತ್ತಮೂರು ಮಂದಿ ಹೆಣ್ಮಕ್ಕಳು ಗೇಟಿನ ಮುಂದ ಕೂತ್ವಿ ನೋಡು. ಹತ್ತೊಂಬತ್ತು ದಿನ. ಒಂಬತ್ತನೇ ದಿನ ಎಲ್ಲಾರೂ ಬಿಲ್ಲೆ ತಗದು ಗೇಟಿಗೆ ಒಗದ್ವಿ. ಆ ಸಪ್ಪಳ ಇನ್ನೂ ಕಿವ್ಯಾಗ ಐತಿ. ಒಬ್ಬ ಗಿಡ್ಡ ಮನಷ್ಯಾ ಕ್ಯಾಮೆರಾಕ್ಕ ಚಾವಿ ಕೊಟ್ಟು ಕೊಟ್ಟು ಎಲ್ಲಾ ತಗದಾ.”

ಕಾರ್ಖಾನೆ ಆಮೇಲೆ ಮುಚ್ಚಿತು. ಮುಚ್ಚುವ ಮೊದಲು ಬೆಳ್ಳಿಹಬ್ಬದ ಪುಸ್ತಕ ತಂದಿತ್ತು. ಸತ್ಯಭಾಮಾ ಅದನ್ನು ಜೋಪಾನವಾಗಿ ಇಟ್ಟುಕೊಂಡಿದ್ದಳು, ಸಿಟ್ಟಿಗೆ. ಅದರ ಹನ್ನೆರಡನೆಯ ಪುಟದಲ್ಲಿ, ಸ್ಥಾಪನೆಯಾದಂದಿನಿಂದ ಒಂದು ದಿನವೂ ಕೆಲಸ ನಿಂತಿಲ್ಲ ಎಂದು ಅಚ್ಚಾಗಿತ್ತು.

“ಹತ್ತೊಂಬತ್ತು ದಿನ ಎಲ್ಲಿ ಹೋದ್ವು ಹಂಗಾದ್ರ?” ಎಂದು ಸತ್ಯಭಾಮಾ ಆ ಪುಟವನ್ನು ಬೆರಳಿನಿಂದ ಕುಟ್ಟಿದ್ದಳು. “ನನ್ನ ಮೊಮ್ಮಗಳೇ ‘ಅಜ್ಜಿ, ನೆಟ್‌ನಾಗ ಇಲ್ಲ, ನೀ ಹೆಚ್ಚಿಗಿ ಹೇಳಾಕತ್ತಿ’ ಅಂತಾಳ. ತಂಗಿ, ಆ ಸಿನಿಮಾ ಹುಡುಕಿ ತಾ. ನಾ ಇರೂತನಕ ತಾ.”

ಅಹಲ್ಯಾ ತರುತ್ತೇನೆಂದು ಹೇಳಿಬಿಟ್ಟಿದ್ದಳು. ಈ ಕೆಲಸದಲ್ಲಿ ಹಾಗೆ ಹೇಳಬಾರದೆಂದು ಅವಳಿಗೇ ಚೆನ್ನಾಗಿ ಗೊತ್ತಿತ್ತು.

ಆಮೇಲೆ ಐದು ತಿಂಗಳು. ಎರಡು ಸರ್ಕಾರಿ ಕಚೇರಿಗಳಿಗೆ ಬರೆದ ಪತ್ರಗಳಿಗೆ ಉತ್ತರವಿಲ್ಲ. ಮೂರನೆಯದು ಉತ್ತರ ಕೊಟ್ಟಿತು, ಅರ್ಜಿ ಬೇರೆ ನಮೂನೆಯಲ್ಲಿರಬೇಕೆಂದು. ಆ ನಮೂನೆ ಎಲ್ಲಿ ಸಿಗುತ್ತದೆಂದು ಕೇಳಿದರೆ ಅದು ತಮ್ಮಲ್ಲಿಲ್ಲ ಎಂದರು. ಇಬ್ಬರು ಹಳೆಯ ಕ್ಯಾಮೆರಾಮನ್‌ಗಳ ವಿಳಾಸ ಹಿಡಿದು ಹೋದರೆ ಒಬ್ಬರು ತೀರಿಹೋಗಿದ್ದರು, ಇನ್ನೊಬ್ಬರಿಗೆ ನೆನಪು ಹೋಗಿತ್ತು. ಊರಿನ ಸುದ್ದಿ ಕ್ಯಾಮೆರಾಗಳ ರೀಲೆಲ್ಲ ಒಂದೇ ಲ್ಯಾಬಿನಲ್ಲಿ ತೊಳೆಯುತ್ತಿದ್ದರೆಂದು ಯಾರೋ ಹೇಳಿದ್ದರಿಂದ ಈ ಗೋದಾಮಿಗೆ ಬಂದಿದ್ದಳು. ಬಂದರೆ ಕೋಳಿ.

ಎದ್ದುಹೋಗುವ ಮುನ್ನ ಸುಮ್ಮನೆ ಆ ಮುಚ್ಚಳವನ್ನು ಮಗುಚಿ ನೋಡಿದಳು. ಒಳಬದಿಗೆ ಒಂದು ಹಳದಿ ಚೀಟಿ ಅಂಟಿತ್ತು. ಚಂದ್ರಕಾಂತ, ಬೇಗಂಪೇಟೆ. ರೀಲು ೩೧. ನಾನೂರು ಅಡಿ. ನಾನೂರು ಅಡಿಯೆಂದರೆ ಹನ್ನೊಂದು ನಿಮಿಷ. ಎಂದೋ ಯಾರೋ ಮುಚ್ಚಳಗಳನ್ನು ಅದಲುಬದಲು ಮಾಡಿದ್ದರು. ಆದರೆ ಗಿಡ್ಡ ಮನುಷ್ಯನಿಗೆ ಈಗ ಹೆಸರು ಬಂದಿತ್ತು.

ಚಂದ್ರಕಾಂತ ಬದುಕಿರಲಿಲ್ಲ. ಬೇಗಂಪೇಟೆ ರೈಲ್ವೆ ಸ್ಟೇಷನ್ನಿನ ಹಿಂದಿನ ಓಣಿಯಲ್ಲಿ ಅವನ ಹೆಂಡತಿ ಶಿವದೇವಿ ಸಿಕ್ಕಳು. ಕಲಬುರಗಿಯ ಕಡೆಯ ಶಾಂತ ಹೆಂಗಸು.

“ರೀಲೆಲ್ಲಾ ಹೋದ್ವು ತಂಗಿ,” ಎಂದಳು. “ಅವರಿಗೆ ಆರಾಮ ಇಲ್ಲದಾಗ ಲ್ಯಾಬಿನವರು ಬಾಡಿಗಿ ಜಾಗಾ ಖಾಲಿ ಮಾಡಬೇಕಂತ ಹಳೇ ಫಿಲ್ಮ್ ಭಾಳಷ್ಟು ಬೆಳ್ಳಿ ತಗಿಯೋರಿಗೆ ಹಾಕಿಬಿಟ್ರು. ಅದರಾಗ ನಮ್ಮವೂ ಹೋದ್ವು.”

ಹಳೆಯ ಕಪ್ಪುಬಿಳುಪು ಫಿಲ್ಮಿನಲ್ಲಿ ಒಂದಿಷ್ಟು ಬೆಳ್ಳಿ ಇರುತ್ತದೆ. ಅದನ್ನು ಕರಗಿಸಿ ತೆಗೆಯುವವರ ಕೈಗೆ ಹೋದ ರೀಲು ಮತ್ತೆ ಬರುವುದಿಲ್ಲ.

“ಒಂದೂ ಉಳೀಲಿಲ್ಲೇನ್ರಿ ಅಕ್ಕಾರ?” ಎಂದು ಅಹಲ್ಯಾ ಕೇಳಿದಳು.

“ಫಿಲ್ಮ್ ಉಳೀಲಿಲ್ಲ. ಆದ್ರ ಅದಕ್ಕಿಂತ ಮೊದಲು ಒಂದು ಟಿ.ವಿ. ಚಾನೆಲಿನವರು ಹತ್ತಿಪ್ಪತ್ತು ರೀಲು ಒಯ್ದು ಟೇಪಿಗೆ ಹಾಕ್ಕೊಂಡಿದ್ರು ನೋಡ್ರಿ. ಅಲ್ಲಿ ಇರಬೇಕು.” ಶಿವದೇವಿ ಚಾನೆಲಿನ ಹೆಸರು ಹೇಳಿದಳು.

ಅಹಲ್ಯಾ ಹದಿನೆಂಟು ವರ್ಷ ದುಡಿದ ಚಾನೆಲು.

ಶಿವದೇವಿ ಕಪಾಟಿನಿಂದ ಒಂದು ನೋಟುಬುಕ್ಕು ತಂದುಕೊಟ್ಟಳು. ಪ್ರತಿ ರೀಲಿನಲ್ಲಿ ಯಾವ ಶಾಟು ಮೊದಲು, ಯಾವುದು ಆಮೇಲೆ ಎಂದು ಚಂದ್ರಕಾಂತ ಕನ್ನಡದಲ್ಲಿ ಪಟ್ಟಿ ಬರೆದಿಟ್ಟಿದ್ದ; ಚಾನೆಲಿನವರು ರೀಲುಗಳ ಜೊತೆ ಅದರ ನಕಲನ್ನೂ ಒಯ್ದಿದ್ದರು. ರೀಲು ೩೧ರ ಪುಟವೂ ಇತ್ತು. ಅಹಲ್ಯಾ ಅದನ್ನು ಸರಿಯಾಗಿ ಓದಲೂ ಇಲ್ಲ. ಚೀಲಕ್ಕೆ ಹಾಕಿಕೊಂಡು ಆಟೋ ಹಿಡಿದಳು. ಅಷ್ಟು ಖುಷಿ ಅವಳಿಗೆ ಐದು ತಿಂಗಳಲ್ಲಿ ಆಗಿರಲಿಲ್ಲ. ಆ ಲೈಬ್ರರಿಯ ಕಪಾಟು ಕಪಾಟೂ ಅವಳಿಗೆ ಗೊತ್ತು. ಟೇಪು ಅಲ್ಲಿದ್ದರೆ ಕಣ್ಣು ಮುಚ್ಚಿ ತೆಗೆದುಕೊಡಬಲ್ಲಳು.

ಚಾನೆಲಿನ ನೆಲಮಾಳಿಗೆಯಲ್ಲಿ ಹಳೆಯ ರಿಜಿಸ್ಟರುಗಳಿನ್ನೂ ಇದ್ದವು. ಗುರುತಿದ್ದ ಗುಮಾಸ್ತನೊಬ್ಬ ದೀಪ ಹಾಕಿಕೊಟ್ಟು ಹೋದ. ಅವಳು ನಿಂತುಕೊಂಡೇ ಪುಟ ತಿರುವಿದಳು. ಚಂದ್ರಕಾಂತನ ರೀಲುಗಳು ಬೀಟಾ ಎಂಬ ವಿಡಿಯೋ ಟೇಪುಗಳಿಗೆ ಇಳಿದ ದಾಖಲೆ ಸಿಕ್ಕಿತು. ರೀಲು ೩೧, ಟೇಪು ೨೨೧೪. ಪಕ್ಕದಲ್ಲಿ ವಿವರ: ಹೆಂಗಸರು ನಾಣ್ಯ ಎಸೆಯುತ್ತಿರುವುದು. ಸ್ಥಳ ತಿಳಿಯದು. ಧಾರ್ಮಿಕ ಇರಬಹುದು.

ನಾಣ್ಯ. ಅವಳಿಗೆ ಒಂದು ಕ್ಷಣ ನಗು ಬಂತು. ಬಿಲ್ಲೆಯನ್ನು ಯಾರೋ ನಾಣ್ಯ ಮಾಡಿದ್ದಾರೆ, ಗೇಟನ್ನು ಗುಡಿ ಮಾಡಿದ್ದಾರೆ. ಬಾಲಾನಗರ ಎಂದು ಬರೆದ ಮುಚ್ಚಳ ಅಷ್ಟರಲ್ಲೇ ಕೋಳಿಗಳ ಡಬ್ಬಿಗೆ ಹೋಗಿರಬೇಕು. ಆಮೇಲೆ ಅದೇ ಸಾಲಿನ ಕೊನೆಯ ಅಂಕಣಕ್ಕೆ ಕಣ್ಣು ಹೋಯಿತು. ಅಳಿಸಲಾಗಿದೆ, ಮರುಬಳಕೆಗೆ. ಜೂನ್ ೨೦೦೩. ಅದರ ಮುಂದೆ ಸಹಿ.

ಅವಳದೇ ಸಹಿ. ಅ ಅಕ್ಷರದ ಬಾಲವನ್ನು ಉದ್ದ ಎಳೆದ, ಆಗಿನ ಕಾಲದ ಠೀವಿಯ ಸಹಿ.

ಆ ವರ್ಷ ಖಾಲಿ ಟೇಪು ಸಿಗುತ್ತಿರಲಿಲ್ಲ. ಬೇಡದ್ದನ್ನು ಅಳಿಸಿ ಕೊಡಿರೆಂದು ಮೇಲಿನಿಂದ ಆದೇಶವಾಗಿತ್ತು. ಸ್ಥಳ ಗೊತ್ತಿಲ್ಲದ್ದು, ಹೆಸರಿಲ್ಲದ್ದು ಮೊದಲು. ಆ ಒಂದು ತಿಂಗಳಲ್ಲೇ ಅವಳು ಆರುನೂರಕ್ಕೂ ಹೆಚ್ಚು ಟೇಪುಗಳಿಗೆ ಸಹಿ ಹಾಕಿದ್ದಳು. ಕಪಾಟು ಖಾಲಿ ಮಾಡಿದ್ದಕ್ಕೆ ಶಹಬ್ಬಾಸ್ ಎನ್ನಿಸಿಕೊಂಡಿದ್ದಳು. ೨೨೧೪ನ್ನು ಯಂತ್ರಕ್ಕೆ ಹಾಕಿ ಒಂದು ಸಲ ನೋಡಿದ್ದೆನೇ? ಎಷ್ಟು ತಿಣುಕಿದರೂ ನೆನಪಾಗಲಿಲ್ಲ. ನೋಡಿದ್ದರೆ ಬಾಲಾನಗರದ ಗೇಟೆಂದು ಗೊತ್ತಾಗುತ್ತಿತ್ತೇ? ಅದೂ ತಿಳಿಯದು. ಅವಳು ರಿಜಿಸ್ಟರನ್ನು ಧಡ್ ಎಂದು ಮುಚ್ಚಿದಳು. ಗುಮಾಸ್ತ ಹೊರಗಿನಿಂದ, “ಏಮಯ್ಯಿಂದಮ್ಮಾ?” ಎಂದು ತೆಲುಗಿನಲ್ಲಿ ಕೇಳಿದ. ಅವಳು ಏನೂ ಇಲ್ಲವೆಂದು ಕೈಯಾಡಿಸಿ ಮೆಟ್ಟಿಲು ಹತ್ತಿದಳು.

ಮಾರನೆಯ ದಿನ ನಚಿಕೇತನ ಕಚೇರಿಗೆ ಹೋಗಿ ಎಲ್ಲವನ್ನೂ ಹೇಳಿದಳು. ಸಹಿಯ ಸಂಗತಿಯನ್ನೂ ಮುಚ್ಚಿಡಲಿಲ್ಲ. ಅವನು ಎಡಿಟಿಂಗ್ ಕಂಪ್ಯೂಟರಿನ ಪರದೆಯನ್ನು ಅವಳ ಕಡೆ ತಿರುಗಿಸಿದ.

“ಬೇಜಾರು ಮಾಡ್ಕೋಬೇಡಿ ಮೇಡಂ. ನಾನು ಬೇರೆ ದಾರಿ ನೋಡಿಟ್ಟಿದ್ದೀನಿ.”

ಪರದೆಯಲ್ಲಿ ಹೆಂಗಸರ ಮೆರವಣಿಗೆ ಓಡಿತು. ಯಾವುದೋ ಕಾರ್ಖಾನೆಯ ಗೇಟು, ಎತ್ತಿದ ಮುಷ್ಟಿಗಳು. ಹಿನ್ನೆಲೆಯಲ್ಲಿ ಸತ್ಯಭಾಮಾಳ ದನಿ: ಎಂಬತ್ತಮೂರು ಮಂದಿ ಗೇಟಿನ ಮುಂದ ಕೂತ್ವಿ ನೋಡು.

“ಇದು ಎಲ್ಲೀದು?” ಎಂದಳು ಅಹಲ್ಯಾ.

“ಬೇರೆ ಸಿಟೀದು, ಬೇರೆ ವರ್ಷದ್ದು. ಒಂದು ಫೂಟೇಜ್ ಸಂಗ್ರಹದಿಂದ ತಗೊಂಡೆ, ಅನುಮತಿ ಎಲ್ಲಾ ಸರಿಯಾಗಿದೆ. ನೋಡೋವ್ರಿಗೆ ಏನು ಗೊತ್ತಾಗುತ್ತೆ ಮೇಡಂ? ಸೀರೆ, ಗೇಟು, ಘೋಷಣೆ. ಭಾವನೆ ಒಂದೇ.”

“ಸತ್ಯಭಾಮಾಬಾಯಿಗೆ ಗೊತ್ತಾಗ್ತೈತಿ.”

“ಅವ್ರೊಬ್ರಿಗೆ.”

“ಆ ಒಬ್ಬರದೇ ಕಥಿ ಐತ್ರಿ ಅದು!” ಅಹಲ್ಯಾಳ ದನಿ ಏರಿತು. “ಕಾರ್ಖಾನಿಯವರು ಆಗಿದ್ದನ್ನ ಆಗಿಲ್ಲ ಅಂದ್ರು. ನಾವು ಆಗಲಾರದ್ದನ್ನ ತೋರಿಸಿ ಆಗೈತಿ ಅನ್ನಾಕತ್ತೀವಿ. ಫರಕ್ ಏನೈತಿ? ನಾಳೆ ಯಾರರೆ ಒಬ್ಬಾಂವ ಈ ಶಾಟ್ ಖೊಟ್ಟಿ ಅಂತ ಹಿಡದ್ರ, ಆ ಮುದುಕಿ ಹೇಳಿದ್ದೆಲ್ಲಾ ಖೊಟ್ಟಿ ಅಂತಾರ.”

ನಚಿಕೇತನಿಗೂ ರೇಗಿತು. “ಹಾಗಾದ್ರೆ ನಿಜವಾದ್ದು ತಂದ್ಕೊಡಿ. ಟೇಪ್ ಅಳಿಸಿದ್ದು ನಾನಲ್ವಲ್ಲ ಮೇಡಂ.”

ಹೇಳಿದ ಕೂಡಲೇ ಅವನ ಮುಖ ಸಣ್ಣದಾಯಿತು. ಅಹಲ್ಯಾ ಚೀಲ ಎತ್ತಿಕೊಂಡು ಹೊರಬಿದ್ದಳು. ಸ್ಟೇಷನ್ನಿನವರೆಗೂ ನಡೆದೇ ಹೋದಳು. ಅವನ ಮಾತಿನಲ್ಲಿ ತಪ್ಪೇನೂ ಇರಲಿಲ್ಲ, ಅದಕ್ಕೇ ಅದು ಅಷ್ಟು ಚುಚ್ಚಿತ್ತು.

ಎರಡು ದಿನ ಬಿಟ್ಟು ಸತ್ಯಭಾಮಾಳ ಮನೆಗೆ ಹೋದಳು. ಫೋನಿನಲ್ಲಿ ಹೇಳಬಹುದಿತ್ತು, ಮನಸ್ಸು ಒಪ್ಪಲಿಲ್ಲ. ಮುದುಕಿ ಬಾಗಿಲಲ್ಲೇ, “ತಂದೀ?” ಎಂದಳು.

“ಇಲ್ಲ ಮೌಶಿ. ಅದು ಇಲ್ಲ. ಇತ್ತು. ಟೇಪಿನ ಮ್ಯಾಲೆ ಇತ್ತು. ಇಪ್ಪತ್ತು ವರ್ಷದ ಹಿಂದ ಅಳಿಸ್ಯಾರ.” ಅಹಲ್ಯಾ ನೆಲ ನೋಡಿದಳು. “ಅಳಿಸಾಕ ಸಹಿ ಮಾಡಿದಾಕಿ ನಾನ.”

ಸತ್ಯಭಾಮಾ ಒಳಗೆ ಹೋಗಿ ಕುಕ್ಕರಿನ ಉರಿ ಆರಿಸಿ ಬಂದಳು. ಅಹಲ್ಯಾಳಿಗೆ ಕೂಡು ಎನ್ನಲಿಲ್ಲ.

“ನೋಡಲಾರದ ಅಳಿಸಿದ್ಯಾ?”

“ನೆನಪಿಲ್ಲ ಮೌಶಿ. ನೋಡಿರಲಿಕ್ಕಿಲ್ಲ. ನಾಣ್ಯ ಒಗಿಯೋ ಹೆಣ್ಮಕ್ಕಳು ಅಂತ ಬರದಿತ್ತು.”

“ಏನು?”

“ನಾಣ್ಯ.”

“ಯಾವ ಹುಚ್ಚ ಬರದಾ ಅದನ್ನ?”

ಅಹಲ್ಯಾ ಚೀಲದಿಂದ ಚಂದ್ರಕಾಂತನ ನೋಟುಬುಕ್ಕು ತೆಗೆದು ಆ ಪುಟ ಬಿಚ್ಚಿಕೊಟ್ಟಳು. ಸತ್ಯಭಾಮಾ ಕನ್ನಡಕ ಏರಿಸಿ, ಕಿಟಕಿಯ ಹತ್ತಿರ ಹೋಗಿ, ಒಂದೊಂದೇ ಅಕ್ಷರ ಕೂಡಿಸಿ ಜೋರಾಗಿ ಓದತೊಡಗಿದಳು.

“ಶಾಟ್ ಒಂದು. ಗೇಟು, ದೂರದಿಂದ. ಶಾಟ್ ಎರಡು. ಹೆಂಗಸರು ಕುಳಿತಿದ್ದಾರೆ, ಸುಮಾರು ಐವತ್ತು ಜನ.” ತಲೆ ಎತ್ತಿದಳು. “ಐವತ್ತು? ಎಣಸಾಕ ಬರತಿದ್ದಿಲ್ಲೇನು ಅವಂಗ? ಹಿಂದ ಬೇವಿನ ಗಿಡದ ನೆರಳಾಗ ಮೂವತ್ತು ಮಂದಿ ಇದ್ವಿ, ಅದು ಕಾಣಲಿಲ್ಲ.” ಮತ್ತೆ ಓದಿದಳು. “ಶಾಟ್ ಏಳು. ಎತ್ತರದ ಹೆಂಗಸು, ಬಾಯಿ ತೆರೆದು, ಹಾಡುತ್ತಿದ್ದಾಳೆ. ಹಾಡಲ್ಲೋ ಮಾರಾಯ! ಆಕಿ ಮ್ಯಾನೇಜರಗ ಬಯ್ಯಾಕತ್ತಿದ್ಲು. ಶಾಟ್ ಹತ್ತು. ಹೆಂಗಸರು ನಾಣ್ಯ ಎಸೆಯುತ್ತಿದ್ದಾರೆ.” ಆಕೆ ಪುಟದ ಮೇಲೆ ಅಂಗೈ ಇಟ್ಟಳು. “ನಾಣ್ಯ ಅಲ್ಲ. ಬಿಲ್ಲೆ. ಒಂದ ಮಾತು ಕೇಳಿದ್ರ ಹೇಳತಿದ್ವಿ. ಮಗ್ಗಲದಾಗ ನಿಂತು ಚಾವಿ ಕೊಡತಿದ್ದಾ, ಒಬ್ಬಾಕೀಗಿ ಕೇಳಲಿಲ್ಲ.”

ಅಹಲ್ಯಾ ಅಲ್ಲೇ ನೆಲದ ಮೇಲೆ ಕೂತಳು. ಅವನು ಕೇಳಲಿಲ್ಲ. ಅವನು ಬರೆದದ್ದನ್ನು ನೋಡಿ ರಿಜಿಸ್ಟರಿಗೆ ಇಳಿಸಿದವರು ಕೇಳಲಿಲ್ಲ. ರಿಜಿಸ್ಟರು ನೋಡಿ ತಾನೂ ಕೇಳಲಿಲ್ಲ.

“ಮೌಶಿ, ಇದನ್ನ ಹಿಂಗ ಕ್ಯಾಮೆರಾದ ಮುಂದ ಓದತೀರೇನು? ಹಿಂಗ, ಬೈಕೋತ.”

ಸತ್ಯಭಾಮಾ ಅವಳನ್ನು ದುರುಗುಟ್ಟಿ ನೋಡಿದಳು. “ನಿನ್ನ ಮ್ಯಾಲಿನ ಸಿಟ್ಟು ಇನ್ನ ಹೋಗಿಲ್ಲ ನಂದು.”

“ಗೊತ್ತೈತ್ರಿ.”

“ಕರಕೊಂಡು ಬಾ ಆ ಹುಡುಗನ್ನ.”

ನಚಿಕೇತ ಮೊದಲು ಒಪ್ಪಲಿಲ್ಲ. ಮುದುಕಿಯೊಬ್ಬಳು ನೋಟುಬುಕ್ಕು ಓದುವುದನ್ನು ಯಾರು ನೋಡುತ್ತಾರೆ, ಜನ ಎದ್ದು ಹೋಗುತ್ತಾರೆ ಎಂದ. ಅಹಲ್ಯಾ ವಾದ ಮಾಡಿ ಮಾಡಿ ಗಂಟಲು ಕೆಡಿಸಿಕೊಂಡಳು. ಅಂತೂ ಒಂದು ಬೆಳಿಗ್ಗೆ ಕ್ಯಾಮೆರಾ ತಂದ. ಸತ್ಯಭಾಮಾ ಇಪ್ಪತ್ತಾರು ಶಾಟುಗಳನ್ನೂ ಓದಿದಳು, ಅವುಗಳಲ್ಲಿ ಹತ್ತೊಂಬತ್ತನ್ನು ತಿದ್ದಿದಳು, ಕುಳಿತಿದ್ದವರಲ್ಲಿ ನಲವತ್ತು ಜನರ ಹೆಸರು ಹೇಳಿದಳು. ಪಕ್ಕದಲ್ಲಿ ನಿಂತಿದ್ದ ಮೊಮ್ಮಗಳು ಆ ಹೆಸರುಗಳನ್ನು ಒಂದೊಂದಾಗಿ ಫೋನಿನಲ್ಲಿ ಬರೆದುಕೊಂಡಳು. ನಚಿಕೇತ ಕ್ಯಾಮೆರಾ ನಿಲ್ಲಿಸಲು ಮರೆತವನಂತೆ ಆಕೆ ಮುಗಿಸಿದ ಮೇಲೂ ತೆಗೆಯುತ್ತಲೇ ಇದ್ದ.

ಇಷ್ಟಾದರೂ ಚಿತ್ರ ಸಿದ್ಧವಾದಾಗ ಆ ಓದಿಗೆ ಸಿಕ್ಕಿದ್ದು ಎರಡೂವರೆ ನಿಮಿಷ. ಹೆಸರುಗಳಲ್ಲಿ ಆರು ಉಳಿದವು. ಬೇರೆ ಊರಿನ ಮೆರವಣಿಗೆಯೂ ಉಳಿಯಿತು, ಸ್ವಲ್ಪ ಮೊಟಕಾಗಿ. ಅದರ ಮೇಲೆ ‘ಇದು ಬಾಲಾನಗರದ ದೃಶ್ಯವಲ್ಲ’ ಎಂದು ಹಾಕಿಸಲು ಅಹಲ್ಯಾ ಒಂದು ವಾರ ಜಗಳವಾಡಿದಳು. ಹಾಕದಿದ್ದರೆ ಚಿತ್ರದ ಕೊನೆಯಿಂದ ತನ್ನ ಹೆಸರು ತೆಗೆದುಬಿಡಿ ಎಂದಳು. ಕಡೆಗೆ ಹಾಕಿದರು, ಮೂಲೆಯಲ್ಲಿ, ಸಣ್ಣ ಅಕ್ಷರದಲ್ಲಿ, ನಾಲ್ಕು ಸೆಕೆಂಡು. ಓದಿ ಮುಗಿಯುವಷ್ಟರಲ್ಲಿ ಅದು ಹೋಗಿರುತ್ತಿತ್ತು.

ಬೇಗಂಪೇಟೆಯ ಒಂದು ಸಭಾಂಗಣದಲ್ಲಿ ಭಾನುವಾರ ಬೆಳಿಗ್ಗೆ ಚಿತ್ರ ತೋರಿಸಿದರು. ಅರವತ್ತು ಜನ ಸೇರಿದ್ದರು. ಸತ್ಯಭಾಮಾ ಅಹಲ್ಯಾಳ ಪಕ್ಕದಲ್ಲಿ ಕೂತಿದ್ದಳು. ಪರದೆಯ ಮೇಲೆ ತಾನೇ ಬೈಯುವುದನ್ನು ನೋಡಿ ಮೆಲ್ಲಗೆ ನಕ್ಕಳು. “ನಾಣ್ಯ ಅಲ್ಲ, ಬಿಲ್ಲೆ” ಎಂಬಲ್ಲಿ ಸಭೆಯೂ ನಕ್ಕಿತು. ಅದಾದ ಮೇಲೆ ಆ ಮೆರವಣಿಗೆ ಬಂತು.

ಸತ್ಯಭಾಮಾ ಮುಂದಕ್ಕೆ ಬಾಗಿದಳು. “ಇವರ‍್ಯಾರು?”

“ಬೇರೆ ಊರಿನವರು ಮೌಶಿ. ನಮ್ಮವರಲ್ಲ.”

“ಅದು ಕಾಣಸಾಕತ್ತೈತಿ. ಯಾರಂತ ಕೇಳಿದೆ. ಯಾವ ಕಾರ್ಖಾನಿ? ಯಾಕ ಹೊಂಟಾರ?”

“ಗೊತ್ತಿಲ್ಲ.”

“ನೀನೂ ಕೇಳಲಿಲ್ಲೇನು?” ಎಂದು ಸತ್ಯಭಾಮಾ ಬೆನ್ನು ಹಿಂದಕ್ಕೆ ಆನಿಸಿಕೊಂಡಳು.

ಅಹಲ್ಯಾಳಿಗೆ ಚಿತ್ರದ ಉಳಿದ ಭಾಗ ತಲೆಗೆ ಹೋಗಲಿಲ್ಲ. ಸೋಮವಾರ ಆ ಫೂಟೇಜ್ ಸಂಗ್ರಹದವರಿಗೆ ಪತ್ರ ಬರೆದಳು: ಈ ಮೆರವಣಿಗೆ ಯಾವ ಕಾರ್ಖಾನೆಯದು, ಇವರೆಲ್ಲ ಯಾರು, ತೆಗೆದವರು ಯಾರು. ಒಂಬತ್ತು ದಿನಕ್ಕೆ ಉತ್ತರ ಬಂತು. ವಿವರಗಳು ಲಭ್ಯವಿಲ್ಲ, ದೃಶ್ಯ ಇನ್ನೂ ಉದ್ದ ಬೇಕಾದಲ್ಲಿ ತಿಳಿಸಿ.

ಅವಳು ಅದನ್ನು ಎರಡು ಸಲ ಓದಿದಳು. ಆಮೇಲೆ ಇನ್ನೊಂದು ಪತ್ರ ಬರೆಯಲು ಕುಳಿತಳು.